ಹೂವು ಬಿದ್ದ ಮೇಲೆ ಕಂಡ ಮುಖ

ಹೋದ ವಾರ ಮದ್ದೂರಿನಿಂದ ಮಂಡ್ಯಕ್ಕೆ ಬರುವ ಬಸ್ಸಿನಲ್ಲಿ ನನ್ನ ಪಕ್ಕ ಒಬ್ಬ ಮುದುಕ ಬಂದು ಕೂತ. ಹೊರಗೆ ಜಿನುಗುವ ಮಳೆ. ಅವನ ಹೆಗಲ ಮೇಲೆ ನೆನೆದ ಕರಿ ಕಂಬಳಿ. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಎದ್ದು ಹಿಂದಿನ ಸೀಟಿಗೆ ಹೋದೆ. ಪಾಪ, ತನ್ನನ್ನು ಕಂಡು ಅಸಹ್ಯಪಟ್ಟಳು ಅಂದುಕೊಂಡನೋ ಏನೋ, ಕಂಬಳಿಯನ್ನು ಮುದುರಿ ಕಾಲಡಿಗೆ ತಳ್ಳಿಕೊಂಡ. ಅವನಿಗೆ ಏನಂತ ಹೇಳಲಿ? ನೆನೆದ ಕಂಬಳಿಯ ವಾಸನೆ ಬಂದರೆ ನನಗೆ ಆ ವರ್ಷದ ಚಿತ್ತೆ ಮಳೆ ನೆನಪಾಗುತ್ತದೆ. ನನ್ನ ಅಣ್ಣ ಸಿದ್ದೇಗೌಡನನ್ನು ಕೊಲೆಗಾರ ಅಂತ ಮಾಡಿದ ಮಳೆ ಅದು.

ಯುದ್ಧದ ಕಾಲ. ಸೀಮೆಎಣ್ಣೆ ಸಿಗುತ್ತಿರಲಿಲ್ಲ, ಸಂಜೆಯಾದರೆ ಊರೆಲ್ಲ ಒಲೆಯ ಬೆಳಕಿನಲ್ಲೇ ಬದುಕುತ್ತಿತ್ತು. ನಾನು ನಿಡಘಟ್ಟದ ಹತ್ತಿರದ ತವರಿನಿಂದ ಬೆಸಗರಹಳ್ಳಿ ಕಡೆಯ ಒಂದು ಊರಿಗೆ ಸೊಸೆಯಾಗಿ ಬಂದು ಅದು ಎರಡನೆಯ ದೀಪಾವಳಿ. ಎಲ್ಲರಂತೆ ನನಗೂ ತವರಿನ ಆಸೆ. ಕರೆದುಕೊಂಡು ಹೋಗಲು ಅಣ್ಣ ಗಾಡಿ ಕಟ್ಟಿಕೊಂಡು ಬಂದಿದ್ದ. ಅಪ್ಪ ಬೇಡವೆಂದರೂ ಹಟ ಹಿಡಿದು ನನ್ನನ್ನು ಮದ್ದೂರಿನ ಶಾಲೆಗೆ ಹಾಕಿಸಿದವನು ಅವನು. ನಾನು ಇವತ್ತು ನಾಲ್ಕು ಅಕ್ಷರ ಬರೆಯುತ್ತಿದ್ದರೆ ಅದು ಅವನ ಹಟದ ಋಣ.

ನನ್ನ ಅತ್ತೆ ದೊಡ್ಡತಾಯಮ್ಮ ಆ ಊರಿಗೇ ಹಿರಿಯಳು. ಯಾರ ಮದುವೆಯಲ್ಲಿ ಯಾರು ಯಾವ ಬಣ್ಣದ ಸೀರೆ ಉಟ್ಟಿದ್ದರು, ಯಾರ ಮನೆಯ ಹಸು ಯಾವ ಮಳೆಯಲ್ಲಿ ಈದಿತ್ತು, ಎಲ್ಲ ಅವಳ ಬಾಯಲ್ಲಿತ್ತು. ಗಂಡಸರು ಬದುವಿನ ಜಗಳ ಹೊತ್ತು ಬಂದರೂ ‘ಕೇಳು ದೊಡ್ಡತಾಯವ್ವನ್ನ’ ಅನ್ನುತ್ತಿದ್ದರು. ಅವಳು ಹೇಳಿದ ಮೇಲೆ ಮುಗಿಯಿತು. ಈ ಹೆಮ್ಮೆಯೊಂದನ್ನು ಬಿಟ್ಟರೆ ಅವಳಲ್ಲಿ ಕೆಟ್ಟದ್ದಿರಲಿಲ್ಲ. ನನಗೆ ಹೊಟ್ಟೆ ತುಂಬ ಬಡಿಸುತ್ತಿದ್ದಳು, ಜ್ವರ ಬಂದರೆ ಪಕ್ಕ ಕೂರುತ್ತಿದ್ದಳು. ಕೆಟ್ಟವಳಾಗಿದ್ದಿದ್ದರೆ ನನಗೆ ಎಷ್ಟೋ ಸುಲಭವಾಗುತ್ತಿತ್ತು.

ನಮ್ಮ ಬಯಲಿಗೆ ನಾಲೆ ನೀರು ಬಂದು ಬಹಳ ವರ್ಷವಾಗಿರಲಿಲ್ಲ. ಯಾರ ಗದ್ದೆಗೆ ಯಾವಾಗ ನೀರು ಅನ್ನುವುದು ನೀರುಗಂಟಿಯ ಕೈಯಲ್ಲಿತ್ತು. ತೂಬು ಎತ್ತುವವನು ಅವನೇ, ಮುಚ್ಚುವವನೂ ಅವನೇ. ಆಗಿನ ನೀರುಗಂಟಿ ಕೆಂಚಯ್ಯನಿಗೆ ತಾನೇ ಕಾವೇರಿಯನ್ನು ಹೆತ್ತವನು ಅನ್ನುವ ಗತ್ತು. ಅಣ್ಣ ಬಂದ ಮಾರನೆಯ ದಿನ ಅವನ ಗಾಡಿಯ ಚಕ್ರ ಹಾಯ್ದು ಕಾಲುವೆಯ ಏರಿ ಒಂದಿಷ್ಟು ಕುಸಿಯಿತು. ಕೆಂಚಯ್ಯ ಬಾಯಿಗೆ ಬಂದಂತೆ ಬೈದು ಎತ್ತಿನ ಹೊಟ್ಟೆಗೆ ಒದ್ದ. ಎತ್ತನ್ನು ಮುಟ್ಟಿದರೆ ಅಣ್ಣ ತಡೆಯುವವನಲ್ಲ, ಹಿಡಿದು ಕಾಲುವೆಗೆ ನೂಕಿದ. ನೀರು ಮೊಣಕಾಲುದ್ದ. ಕೆಂಚಯ್ಯ ಎದ್ದು ನಿಂತಾಗ ಗದ್ದೆಯಲ್ಲಿದ್ದವರೆಲ್ಲ ಬಿದ್ದು ಬಿದ್ದು ನಕ್ಕರು. ಅವತ್ತು ನಕ್ಕವರೇ ಮುಂದೆ ಅದನ್ನು ‘ಹಳೇ ದ್ವೇಷ’ ಅಂತ ಪೊಲೀಸರಿಗೆ ಹೇಳಿದರು.

ಅದಾದ ಎರಡು ದಿನಕ್ಕೆ, ದನ ಮನೆಗೆ ಬರುವ ಹೊತ್ತಿನಲ್ಲಿ ಅತ್ತೆ ಓಡುತ್ತಾ ಬಂದು ಒಲೆಯ ಮುಂದೆ ಕುಸಿದಳು. ಮೈಯೆಲ್ಲ ಒದ್ದೆ, ಹಲ್ಲು ಕಟಕಟ ಅನ್ನುತ್ತಿತ್ತು. ಹುಲ್ಲಿನ ಹೊರೆಯನ್ನು ಎಲ್ಲಿ ಎಸೆದು ಬಂದಿದ್ದಳೋ. ನಾನು ಬಿಸಿನೀರು ಕುಡಿಸಿದೆ. ನನ್ನ ಗಂಡ ಪಕ್ಕದಲ್ಲಿ ಕೂತು ಕೇಳಿದ.

“ಏನಾಯ್ತವ್ವಾ?”

“ಕೆಂಚಯ್ಯನ್ನ ಒಡುದಾಕ್ಬುಟ್ರು ಕಣಪ್ಪಾ. ತೂಬ್ನ ತಾವ. ಮಚ್ಚಲ್ಲಿ ಒಡುದ್ರು. ನಾನು ಈ ಕಡೆ ಏರಿ ಮ್ಯಾಲೆ ನಿಂತು ನೋಡ್ದೆ.”

“ಯಾರವ್ವಾ?”

“ಯಾರೋ ಕಣಪ್ಪಾ. ಕಂಬ್ಳಿ ಕೊಪ್ಪೆ ಆಕಿದ್ದ. ಮಳೆ ಬೇರೆ. ಕೊಪ್ಪೆ ಒಳ್ಗೆ ಮೊಕ ಎಲ್ಲಿ ಕಂಡದು, ಬರೀ ಕತ್ಲೆ.”

ಮಳೆಗಾಲದಲ್ಲಿ ನಮ್ಮ ಕಡೆಯ ಗಂಡಸರೆಲ್ಲ ಕಂಬಳಿಯ ಮೂಲೆ ಮಡಿಸಿ ತಲೆಗೆ ಏರಿಸಿಕೊಳ್ಳುತ್ತಿದ್ದರು. ಅದಕ್ಕೆ ಕೊಪ್ಪೆ ಅನ್ನುವುದು. ಕೊಪ್ಪೆ ಹಾಕಿದರೆ ಗೌಡನೂ ಒಂದೇ, ಜೀತದ ಆಳೂ ಒಂದೇ. ಮುಖ ಕಾಣಲಿಲ್ಲವೆಂದು ಅತ್ತೆ ಹೇಳಿದ ಆ ಮಾತನ್ನು ನಾನು ಕೇಳಿದೆ, ಅವಳ ಮಗನೂ ಕೇಳಿದ. ಆ ಒಲೆಯ ಮುಂದೆ ನಾವು ಮೂವರೇ ಇದ್ದದ್ದು.

ಅಣ್ಣ ಆಗ ಮನೆಯಲ್ಲಿರಲಿಲ್ಲ. ಎತ್ತುಗಳಿಗೆ ಲಾಳ ಕಟ್ಟಿಸಲು ಬೆಸಗರಹಳ್ಳಿಗೆ ಹೋಗಿದ್ದವನು ಕತ್ತಲಾದ ಮೇಲೆ ಬಂದ. ಬಂದವನಿಗೆ ಅತ್ತೆಯೇ ಮುದ್ದೆ ಮುರಿದು ಬಡಿಸಿದಳು. “ತಿನ್ನು ಮಗ, ಈ ಊರಲ್ಲಿ ಎಂತೆಂತಾ ಕೆಲ್ಸ ಆಯ್ತವೆ ನೋಡು” ಅಂತ ಅವನ ಎದುರೇ ಕೂತು ನಿಟ್ಟುಸಿರು ಬಿಟ್ಟಳು. ಅವನ ಕಂಬಳಿಯನ್ನು ಒಲೆಯ ಹತ್ತಿರ ಒಣಹಾಕಿದವಳೂ ಅವಳೇ. ಮನೆಯೆಲ್ಲ ಆ ವಾಸನೆ.

ಮಳೆಗೆ ದಾರಿ ಕೆಟ್ಟು ಪೊಲೀಸರು ಬರುವುದು ತಡವಾಯಿತು. ಅಷ್ಟರಲ್ಲಿ ಊರಿನವರು ತಮ್ಮ ಪದ್ಧತಿಯಂತೆ ನಡೆದುಕೊಂಡರು. ನಮ್ಮಲ್ಲಿ ಏನು ಕಳೆದರೂ, ಏನು ಕೆಟ್ಟರೂ ಮೊದಲು ಊರಮ್ಮನ ಹತ್ತಿರ ಹೂವು ಕೇಳುವುದು. ಪೂಜಾರಿ ಒದ್ದೆ ಹೂವಿನ ಎಸಳುಗಳನ್ನು ಅಮ್ಮನ ಮೈಗೆ ಅಂಟಿಸುತ್ತಾನೆ, ಒಬ್ಬೊಬ್ಬರ ಹೆಸರಾಗಿ ಹೇಳುತ್ತಾರೆ. ಬಲಗಡೆಯ ಹೂವು ಬಿದ್ದರೆ ಹೌದು, ಎಡಗಡೆಯದಾದರೆ ಅಲ್ಲ. ಪಟೇಲರು ಮುಂದೆ ನಿಂತಿದ್ದರು. ಹೆಂಗಸರು ಹೊರಗೆ, ನಾನೂ ಅವರ ನಡುವೆ. ಊರಿನ ಯಾವ ಒಕ್ಕಲಿನ ಹೆಸರನ್ನೂ ಅವರು ಎತ್ತಲಿಲ್ಲ. ತಮ್ಮ ತಮ್ಮಲ್ಲೇ ಒಬ್ಬನ ಹೆಸರು ಹೇಳಿ, ಅಕಸ್ಮಾತ್ ಬಲಕ್ಕೆ ಬಿದ್ದುಬಿಟ್ಟರೆ ನಾಳೆ ಅವನ ಮುಖ ನೋಡುವುದು ಹೇಗೆ? ಮೊದಲು ಒಬ್ಬ ಅಲೆಮಾರಿ ಕುರಿ ಕಾಯುವವನ ಹೆಸರು, ಆಮೇಲೆ ಗಾಡಿ ಹೊಡೆಯಲು ಬಂದ ಪರಊರಿನ ಆಳಿನ ಹೆಸರು, ಆಮೇಲೆ ಅಣ್ಣನದು.

ಕೆಂಚಯ್ಯನ ಹೆಂಡತಿಯ ತಮ್ಮ ಮರಿಸ್ವಾಮಿ ಗುಡಿಯ ಬಾಗಿಲಲ್ಲೇ ನಿಂತು ಎದೆ ಬಡಿದುಕೊಳ್ಳುತ್ತಿದ್ದ. “ತಾಯೀ, ತೋರ್ಸು ತಾಯೀ, ನಮ್ ಭಾವನ್ನ ತಿಂದೋನ್ನ ತೋರ್ಸು!” ಅವನ ಅಳು ನೋಡಿ ನನಗೇ ಕಣ್ಣು ತುಂಬಿತ್ತು. ಅಣ್ಣನ ಹೆಸರಿಗೆ ಹೂವು ಬಲಕ್ಕೆ ಬಿತ್ತು. ಗಂಟೆ ಹೊಡೆದರು.

ಹಿಂದೆಯೇ ನನ್ನ ಅತ್ತೆ “ಅಯ್ಯೋ!” ಅಂದಳು. ನಾನು ತಿರುಗಿ ನೋಡಿದೆ. ಅವಳ ಮುಖದಲ್ಲಿ ಕಪಟವಿರಲಿಲ್ಲ. ಮರೆತುಹೋದ ಹೆಸರು ತಟ್ಟನೆ ನಾಲಿಗೆಗೆ ಬಂದವರ ಮುಖ ಹೇಗಿರುತ್ತದೋ ಹಾಗಿತ್ತು. “ಅದೇ ನಡ್ಗೆ ಕಣವ್ವ” ಅಂದಳು ಪಕ್ಕದವಳಿಗೆ. “ಎಡಗಾಲ್ನ ಒಸಿ ಎಳ್ದಾಕ್ತನಲ್ಲ, ಅದೇ ನಡ್ಗೆ. ಅಯ್ಯೋ ಸಿವ್ನೇ, ನಂಗೆ ಆಗ್ಲೇ ಯಾಕ್ ಒಳೀನಿಲ್ಲ?”

ಹೀಗೆ ಶುರುವಾಯಿತು. ಅಂದು ಮಧ್ಯಾಹ್ನದ ಹೊತ್ತಿಗೆ ನಡಿಗೆಯ ಜೊತೆಗೆ ಎತ್ತರ ಸೇರಿತು. ಪೊಲೀಸರು ಬಂದು ಕೇಳಿದಾಗ ಕೊಪ್ಪೆ ಹಿಂದಕ್ಕೆ ಜಾರಿತ್ತು ಅಂದಳು, ಮೂಗು ಕಂಡಿತು ಅಂದಳು. ಅಣ್ಣನನ್ನು ಅವತ್ತೇ ಹಿಡಿದುಕೊಂಡು ಹೋದರು. ಇನ್ನೂ ಒಂದು ವಾರಕ್ಕೆ ಅಣ್ಣನ ಕೆನ್ನೆಯ ಮೇಲಿದ್ದ ಸುಟ್ಟ ಕಲೆಯೂ ಕಂಡಿತು. ದಿನಾ ಯಾರಾದರೂ ಬಂದು ಜಗಲಿಯ ಮೇಲೆ ಕೂತು “ಏಳವ್ವ, ಏನ್ ನೋಡ್ದೆ?” ಅನ್ನುವರು, ಅವಳು ಹೇಳುವಳು. ಪ್ರತಿ ಸಲವೂ ಮುಖ ಇನ್ನಷ್ಟು ಸ್ಪಷ್ಟವಾಗುತ್ತಾ ಹೋಯಿತು. ನಾನು ಒಳಗೆ ರಾಗಿ ಬೀಸುತ್ತಾ ಕೇಳುತ್ತಿದ್ದೆ. ಬೀಸುವ ಕಲ್ಲಿನ ಸದ್ದಿನಲ್ಲೂ ಅವಳ ದನಿ ಕೇಳುತ್ತಿತ್ತು.

ಒಂದು ದಿನ ತಡೆಯಲಾಗದೆ ಅವಳ ಕಾಲ ಬಳಿ ಕೂತು ಕೇಳಿದೆ. “ಅತ್ತೆಮ್ಮ, ಅವತ್ತು ಒಲೆ ಮುಂದೆ ಮೊಕ ಕಾಣ್ನಿಲ್ಲ ಅಂದ್ರಲ್ಲ. ಬರೀ ಕತ್ಲೆ ಅಂದ್ರಲ್ಲ.”

ಅವಳು ನನ್ನ ತಲೆ ನೇವರಿಸಿದಳು. “ಎದ್ರುಕೊಂಡಿದ್ದೆ ಕಣ್ ಮಗ. ಎದ್ರುಕೊಂಡೋಳ್ಗೆ ಗ್ಯಾನ ಇದ್ದದಾ? ತಾಯಿ ಊವು ಕೊಟ್ಮ್ಯಾಲೆ ಎಲ್ಲಾನೂ ಕಣ್ಮುಂದೆ ಬಂದ್ಬುಡ್ತು. ನಿನ್ ಸಂಕ್ಟ ನಂಗೆ ಗೊತ್ತಾಯ್ತದೆ. ಆದ್ರೆ ಕಂಡಿದ್ದ ಕಾಣ್ನಿಲ್ಲ ಅಂತ ಎಂಗೇಳಾನೆ?”

ಅವಳ ಕೈ ಬೆಚ್ಚಗಿತ್ತು. ಆ ಕೈಯನ್ನು ಕಚ್ಚಬೇಕು ಅನ್ನಿಸಿತು.

ಇನ್ನು ಗಂಡನ ಬಳಿ ಹೋದೆ. ಅವನು ದನ ಕಟ್ಟುವ ಕಣ್ಣಿ ಹೊಸೆಯುತ್ತಿದ್ದ. ಒಲೆಯ ಮುಂದಿನ ಮಾತನ್ನು ಕೋರ್ಟಿನಲ್ಲಿ ಹೇಳು ಅಂತ ಬೇಡಿಕೊಂಡೆ. ಹೊಸೆಯುವುದನ್ನು ನಿಲ್ಲಿಸದೆ ಹೇಳಿದ: “ಅವ್ವ ಸುಳ್ಳಿ ಅಂತ ನನ್ ಬಾಯಲ್ಲಿ ಏಳ್ಸೀಯಾ?” ಅಷ್ಟೇ. ಆಮೇಲೆ ಆ ವಿಷಯವಾಗಿ ನಾವು ಜೀವಮಾನದಲ್ಲಿ ಮಾತಾಡಲಿಲ್ಲ. ಅವನ ಜೊತೆ ಸಂಸಾರ ಮಾಡಿದೆ, ಮಕ್ಕಳನ್ನು ಹೆತ್ತೆ. ಕ್ಷಮಿಸಿದೆನೇ ಅಂತ ಯಾರಾದರೂ ಕೇಳಿದರೆ, ಇಲ್ಲ.

ಸಂಕ್ರಾಂತಿ ಕಳೆದ ಮೇಲೆ ಸೆಷನ್ಸ್ ಕೋರ್ಟಿನಲ್ಲಿ ವಿಚಾರಣೆ. ಊರಿಗೆ ಊರೇ ಬುತ್ತಿ ಕಟ್ಟಿಕೊಂಡು ಹೊರಟಿತು. ಮದ್ದೂರಿನಲ್ಲಿ ರೈಲು ಹತ್ತುವಾಗ ಅತ್ತೆ ನನ್ನ ಕೈ ಹಿಡಿದು ಹತ್ತಿಸಿದಳು. ಒಂದೇ ಬೆಂಚಿನ ಮೇಲೆ ಕೂತು ಹೋದೆವು, ಅಣ್ಣನನ್ನು ಜೈಲಿಗೆ ಕಳಿಸಲು ಅವಳು, ಉಳಿಸಿಕೊಳ್ಳಲು ನಾನು. ದಾರಿಯಲ್ಲಿ ನನಗೆ ಎಳ್ಳುಂಡೆ ಕೊಟ್ಟಳು.

ಹೂವಿನ ಸಂಗತಿಯನ್ನು ನಾನು ಅಣ್ಣನ ವಕೀಲರಿಗೆ ಮೊದಲೇ ಹೇಳಿದ್ದೆ. ಅವರು ನಕ್ಕುಬಿಟ್ಟರು. “ಊರ ದೇವರ ವಿಷಯ ಎತ್ತಿದರೆ ಇರುವ ಸಾಕ್ಷಿಗಳೂ ತಿರುಗಿ ಬೀಳುತ್ತಾರಮ್ಮ. ಜಡ್ಜಿಯವರಿಗೆ ಬೇಕಾದದ್ದು ಕಣ್ಣಾರೆ ಕಂಡದ್ದು, ಹೂವಲ್ಲ” ಅಂದರು. ಬುದ್ಧಿವಂತರು. ಕಣ್ಣಾರೆ ಕಂಡದ್ದು ಆ ಹೂವಿನಿಂದಲೇ ಹುಟ್ಟಿದ್ದು ಅನ್ನುವುದು ಅವರ ತಲೆಗೆ ಹೋಗಲಿಲ್ಲ.

ಅಣ್ಣನ ಪರವಾಗಿ ನಾವು ನಂಬಿದ್ದದ್ದು ಬೆಸಗರಹಳ್ಳಿಯ ಲಾಳದ ಬಾಷಾ ಸಾಹೇಬರನ್ನು. ಕೊಲೆಯಾದ ಹೊತ್ತಿನಲ್ಲಿ ಅಣ್ಣ ಅವರ ಮುಂದೆ ಎತ್ತು ಕೆಡವಿಕೊಂಡು ಕೂತಿದ್ದ. ಸಾಹೇಬರು ಒಗೆದ ಟೋಪಿ ಹಾಕಿಕೊಂಡು ಬಂದಿದ್ದರು. “ಬಂದಿದ್ರು ಸಾಮಿ, ಈ ಗೌಡ್ರು ಬಂದಿದ್ರು. ಕೆಂದೆತ್ತು, ಹಿಂದ್ಗಾಲು ಒಡ್ದಿತ್ತು” ಅಂದರು. ಯಾವ ದಿನ ಅಂತ ಸರ್ಕಾರಿ ವಕೀಲರು ಕೇಳಿದರು. ಸಾಹೇಬರು ಬೆರಳು ಮಡಿಸಿ ಎಣಿಸಿದರು. ಅಣ್ಣ ಕಟಕಟೆಯನ್ನು ಎರಡೂ ಕೈಯಲ್ಲಿ ಹಿಡಿದು ಅವರನ್ನೇ ನೋಡುತ್ತಿದ್ದ. “ಸೋಮವಾರನೋ ಮಂಗಳವಾರನೋ, ಸುಳ್ಳು ಹೇಳ್ಬಾರ್ದು ಸಾಮಿ. ದೀಪಾವಳಿ ಮುಂದೆ ದಿನಾ ಎತ್ತು ಬರ್ತವೆ. ದಿನ ನನ್ಗೆ ಗ್ಯಾಪ್ಕ ಇಲ್ಲ.” ಕೆಂಚಯ್ಯ ಸತ್ತದ್ದು ಮಂಗಳವಾರ. ಸಾಹೇಬರನ್ನು ಕೆಳಗಿಳಿಸಿದರು. ಪ್ರಾಮಾಣಿಕರಾದದ್ದಕ್ಕೆ ಅವರ ಮಾತು ಕೆಲಸಕ್ಕೆ ಬರಲಿಲ್ಲ.

ಅತ್ತೆಗೆ ಅಂಥ ಅನುಮಾನವೇ ಇರಲಿಲ್ಲ. ಮಳೆ ಎಷ್ಟಿತ್ತು, ಕೆಂಚಯ್ಯ ಯಾವ ಕಡೆ ತಿರುಗಿದ್ದ, ಕೊಪ್ಪೆ ಹೇಗೆ ಜಾರಿತು, ಕೆನ್ನೆಯ ಕಲೆ ಹೇಗೆ ಹೊಳೆಯಿತು, ಒಂದೂ ತಪ್ಪದೆ ಹೇಳಿದಳು. ಅಂದೇ ರಾತ್ರಿ ಇವನಿಗೆ ಊಟ ಬಡಿಸಿದೆಯಲ್ಲ, ಯಾಕೆ ಅಂತ ನಮ್ಮ ವಕೀಲರು ಕೇಳಿದರೆ, “ಎದ್ರಿಕೆ ಸ್ವಾಮಿ, ಮನೆಯೊಳ್ಗೆ ಬಂದು ಕೂತವ್ನೆ, ಏನ್ ಮಾಡಾನೆ?” ಅಂದಳು. ಕೊನೆಗೆ ಅತ್ತಳು. “ನನ್ ಸೊಸೆ ಒಡುಟ್ಟಿದೋನು. ನಂಗೆ ಮಗ ಇದ್ದಂಗೆ. ಇವುನ್ ಮ್ಯಾಲೆ ಸುಳ್ಳೇಳಿ ನಂಗೇನ್ ಸಿಕ್ಕದು?” ನನಗೂ ಅವಳು ಸುಳ್ಳು ಹೇಳುತ್ತಿದ್ದಾಳೆ ಅನ್ನಿಸಲಿಲ್ಲ, ಅದೇ ನನ್ನನ್ನು ಕೊಂದದ್ದು. ಸುಳ್ಳಾಗಿದ್ದರೆ ಎಲ್ಲಾದರೂ ಒಂದು ಕಡೆ ತಡವರಿಸುತ್ತಿದ್ದಳು.

ನನ್ನ ಸರದಿಯೂ ಬಂತು. ಒಲೆಯ ಮುಂದೆ ಕೇಳಿದ್ದನ್ನು ಕೇಳಿದ ಹಾಗೆ ಹೇಳಿದೆ. ಸರ್ಕಾರಿ ವಕೀಲರು ಎದ್ದು ಒಂದೇ ಪ್ರಶ್ನೆ ಕೇಳಿದರು. “ಈತ ನಿನಗೆ ಏನಾಗಬೇಕು?”

“ಅಣ್ಣ.”

ಅವರು ಮುಗುಳ್ನಕ್ಕು ಕೂತರು. ಹಿಂದೆ ನಮ್ಮ ಊರಿನವರು ಯಾರೋ ಕಿಸಕ್ಕನೆ ನಕ್ಕರು.

ತೀರ್ಪಿನಲ್ಲಿ ಜಡ್ಜಿಯವರು ಬರೆದದ್ದನ್ನು ವಕೀಲರು ಕನ್ನಡದಲ್ಲಿ ತಿಳಿಸಿ ಹೇಳಿದರು. ಸಾಕ್ಷಿ ಹೇಳಿದವಳು ಆರೋಪಿಯನ್ನು ಚೆನ್ನಾಗಿ ಬಲ್ಲವಳು, ಹಾಗಾಗಿ ಗುರುತು ತಪ್ಪುವ ಸಂಭವವಿಲ್ಲ. ತನ್ನ ಸೊಸೆಯ ಅಣ್ಣನ ಮೇಲೆ ಸುಮ್ಮನೆ ಆರೋಪ ಹೊರಿಸಲು ಅವಳಿಗೆ ಕಾರಣವಿಲ್ಲ. ಅಂದರೆ, ನಾನು ಆ ಮನೆಯ ಸೊಸೆಯಾಗಿದ್ದದ್ದೇ ಅಣ್ಣನ ವಿರುದ್ಧದ ಸಾಕ್ಷಿಗೆ ಬಲವಾಯಿತು. ಮದುವೆಯಾಗದೆ ತವರಿನಲ್ಲಿ ಬಿದ್ದಿದ್ದರೆ ಅಣ್ಣ ಉಳಿಯುತ್ತಿದ್ದ. ಪ್ರಾಯ ಚಿಕ್ಕದೆಂದು ನೇಣಿನ ಬದಲು ಜೀವಾವಧಿ ಕೊಟ್ಟರು. ಊರಿನವರು ಅದನ್ನು ಸರ್ಕಾರದ ಕರುಣೆ ಅಂದರು. ಮರಿಸ್ವಾಮಿಗೆ ನೇಣು ಆಗಲಿಲ್ಲವಲ್ಲ ಅಂತ ಬೇಜಾರು, ಕೋರ್ಟಿನ ಮೆಟ್ಟಿಲ ಮೇಲೆ ಕೂಗಾಡಿದ.

ಆ ಸುಗ್ಗಿಯಲ್ಲಿ ಅಪ್ಪ ಹಾಸಿಗೆ ಹಿಡಿದು ತೀರಿಕೊಂಡ. ಅಣ್ಣನ ಹೆಂಡತಿ ಒಂದಷ್ಟು ಕಾಲ ಕಾದು, ಮಳವಳ್ಳಿ ಕಡೆಯ ಒಬ್ಬನ ಜೊತೆ ಕೂಡಿಕೆ ಮಾಡಿಕೊಂಡು ಹೋದಳು. ಅವಳನ್ನು ನಾನು ಬೈಯಲಿಲ್ಲ. ಮುಚ್ಚಿದ ತವರಿಗೆ ನಾನು ಎಲ್ಲಿ ಹೋಗಲಿ? ಅದೇ ಮನೆಯಲ್ಲಿ ಉಳಿದೆ. ಅದೇ ಅತ್ತೆಯ ತಲೆಗೆ ಹರಳೆಣ್ಣೆ ಹಚ್ಚಿದೆ, ಕಾಲು ಒತ್ತಿದೆ. ಅವಳು ಜಗಲಿಯಲ್ಲಿ ಕತೆ ಹೇಳುವುದು ನಿಲ್ಲಲಿಲ್ಲ. ನನ್ನ ಮಕ್ಕಳು ಕೂಡ ಅವಳ ತೊಡೆಯ ಮೇಲೆ ಕೂತು ತಮ್ಮ ಸೋದರಮಾವ ಕೊಲೆ ಮಾಡಿದ ಕತೆ ಕೇಳಿದವು.

ದೇಶಕ್ಕೆ ಸ್ವಾತಂತ್ರ್ಯ ಬರುವ ವರ್ಷದ ಬೇಸಿಗೆಗೆ ಮುಂಚೆ ಮರಿಸ್ವಾಮಿ ಮಳವಳ್ಳಿಯಲ್ಲಿ ಇನ್ನೊಬ್ಬನನ್ನು ಕೊಚ್ಚಿ ಸಿಕ್ಕಿಬಿದ್ದ. ಪೊಲೀಸರ ಕೈಗೆ ಸಿಕ್ಕವನು ಹಳೆಯದನ್ನೂ ಕಕ್ಕಿದ. ತನ್ನ ಗದ್ದೆಗೆ ನೀರು ಬಿಡದೆ ಸತಾಯಿಸಿದ್ದಕ್ಕೆ ಭಾವನನ್ನು ತಾನೇ ಹೊಡೆದೆ ಅಂದ. ಹೆಣದ ಸೊಂಟದಿಂದ ಕಿತ್ತ ಬೆಳ್ಳಿಯ ಉಡಿದಾರವನ್ನು ಎಲ್ಲಿ ಹೂತಿದ್ದೆ ಅಂದನೋ ಅಲ್ಲೇ ಅಗೆದು ತೆಗೆದರು. ಕೆಂಚಯ್ಯನ ಹೆಂಡತಿ ಗುರುತು ಹಿಡಿದು ಮೂರ್ಛೆ ಹೋದಳು. ಕಾಗದ ಪತ್ರಗಳು ಓಡಾಡಿ ಅಣ್ಣನನ್ನು ಬಿಡುವಾಗ ಬೇಸಿಗೆ ಬಂದಿತ್ತು, ನಾಲೆಯಲ್ಲಿ ನೀರಿರಲಿಲ್ಲ. ಊರಮ್ಮನ ಹೂವಿನ ಬಗ್ಗೆ ಯಾರೂ ಬಾಯಿ ಬಿಡಲಿಲ್ಲ. ಪಟೇಲರು ನನ್ನನ್ನು ಕಂಡರೆ ಬೇರೆ ಬೀದಿ ಹಿಡಿಯುತ್ತಿದ್ದರು.

ಅತ್ತೆ ಹಿತ್ತಲಲ್ಲಿ ಹುಣಸೆಹಣ್ಣು ಬಡಿದು ಬೀಜ ತೆಗೆಯುತ್ತಿದ್ದಳು. ಬಾಗಿಲಲ್ಲಿ ಯಾರೋ ನಿಂತ ಹಾಗಾಯಿತು. ತಲೆ ನರೆತಿತ್ತು, ಮುಂದಿನ ಹಲ್ಲು ಇರಲಿಲ್ಲ. ನನಗೆ ಗುರುತು ಸಿಗಲು ಒಂದು ಗಳಿಗೆ ಹಿಡಿಯಿತು. ಒಡಹುಟ್ಟಿದ ನನಗೇ. ಅಣ್ಣ ನನ್ನ ಕಡೆ ನೋಡಲಿಲ್ಲ, ನೇರ ಹಿತ್ತಲಿಗೆ ಹೋಗಿ ಅವಳ ಮುಂದೆ ಕುಕ್ಕುರುಗಾಲಲ್ಲಿ ಕೂತ.

“ಅವ್ವಾ, ಮಾಡ್ದೋನು ಒಪ್ಕೊಂಡವ್ನೆ. ಕೇಳಿದ್ದೀಯಲ್ಲ?”

“ಕೇಳ್ದೆ ಕಣಪ್ಪ.”

“ಈಗ ಮಳೆ ಇಲ್ಲ, ಕೊಪ್ಪೆ ಇಲ್ಲ. ಬಿಸ್ಲದೆ. ಸರ್ಯಾಗ್ ನೋಡು. ಅವತ್ತು ತೂಬ್ನತ್ರ ನೀನ್ ಕಂಡಿದ್ದು ನನ್ನಾ?”

ಬೈಯಲಿಕ್ಕೆ ಬಂದಿಲ್ಲ ಅನ್ನುವುದು ಅವನ ದನಿಯಲ್ಲೇ ಗೊತ್ತಾಯಿತು. ಅವನಿಗೆ ಬೇಕಾಗಿದ್ದದ್ದು ‘ಇಲ್ಲ’ ಅನ್ನುವ ಒಂದು ಮಾತು. ಸರ್ಕಾರ ಹೇಳಿದ್ದು ಅವನಿಗೆ ಸಾಲದಾಗಿತ್ತು. ಅತ್ತೆ ಕೈಯನ್ನು ಸೆರಗಿಗೆ ಒರೆಸಿಕೊಂಡು ಅವನ ಗದ್ದ ಹಿಡಿದು ಮುಖವನ್ನು ಬೆಳಕಿಗೆ ಎತ್ತಿದಳು. ಬಹಳ ಹೊತ್ತು ನೋಡಿದಳು. ನಾನು ದೇವರಿಗೆ ಹರಕೆ ಹೊತ್ತೆ, ಯಾವ ದೇವರಿಗೆ ಅಂತ ಈಗ ಗೊತ್ತಿಲ್ಲ.

“ನೀನೇ ಕಣಪ್ಪ” ಅಂದಳು ಮೆತ್ತಗೆ. “ಸರ್ಕಾರ ಬುಟ್ಟದೆ, ಸಂತೋಸ. ಅವ್ನ್ಯಾಕ್ ಒಪ್ಕೊಂಡ್ನೋ ನಾ ಕಾಣೆ. ಆದ್ರೆ ಕಣ್ಮುಚ್ಚುದ್ರೆ ನಂಗೆ ನಿನ್ ಮೊಕಾನೇ ಬತ್ತದೆ. ನಾನೇನ್ ಮಾಡ್ಲಿ?” ಅವಳ ಕಣ್ಣಲ್ಲಿ ನೀರು ಬಂತು. “ಬಿಸ್ಲಲ್ಲಿ ಬಂದಿದ್ದೀಯ. ಉಂಡ್ಕೊಂಡ್ ಓಗು.”

ಅವನು ಉಂಡ. ತಟ್ಟೆ ತೊಳೆದಿಟ್ಟು ಎದ್ದ. ಬೆಸಗರಹಳ್ಳಿ ರಸ್ತೆಯವರೆಗೆ ನಾನು ಜೊತೆಯಲ್ಲಿ ನಡೆದೆ. ಒಣಗಿದ ಕಾಲುವೆಯ ಏರಿ ಬಂದಾಗ ಅವನು ತೂಬಿನ ಕಡೆ ನೋಡಿ ನಿಂತುಬಿಟ್ಟ.

“ಪುಟ್ಟಿ, ಜೈಲಲ್ಲಿ ದಿನಾ ಅದುನ್ನೇ ಗ್ಯಾಪ್ಕ ಮಾಡ್ಕೊಂಡು ಮಾಡ್ಕೊಂಡು, ನಾನೂ ಇಲ್ಲಿ ನಿಂತಿದ್ದಂಗೆ ಆಯ್ತದೆ. ನೀರ್ ಸದ್ದು ಕೇಳ್ತದೆ. ನಾನಲ್ಲ ತಾನೆ?”

“ಅಯ್ಯೋ ಅಣ್ಣ, ನೀನಲ್ಲ. ನೀನು ಬಾಷಾ ಸಾಬ್ರತ್ರ ಲಾಳ ಕಟ್ಟುಸ್ತಿದ್ದೆ.”

“ಕಟ್ಟುಸ್ದೆ, ಅದ್ ಗೊತ್ತು” ಅಂದ. ತೂಬಿನಿಂದ ಕಣ್ಣು ತೆಗೆಯಲಿಲ್ಲ. “ಸೋಮ್ವಾರ್ವೋ ಮಂಗಳ್ವಾರ್ವೋ?”